ಬಾವಿಗಿಳಿದ ವಾಕಿಟಾಕಿ

ಬೈರಕೂರಿನ ನಮ್ಮ ತೋಟದಲ್ಲಿ ಮೋಟಾರು ಬಾವಿಯೊಳಗಿನ ಬಂಡೆಯ ಮೇಲೆ, ಸ್ಟಾರ್ಟರ್ ಮಾತ್ರ ದೂರದ ಮನೆಯ ಜಗಲಿಯಲ್ಲಿ. ಕಳ್ಳರ ಕಾಟಕ್ಕೆ ನಮ್ಮ ಯಜಮಾನರು ಮಾಡಿದ ಏರ್ಪಾಡು. ಕರೆಂಟ್ ಬಂದು ಜಗಲಿಯ ಬಲ್ಬು ಹೊತ್ತಿದ ಕೂಡಲೇ ನಾನು ಮೋಟಾರು ಹಾಕದಿದ್ದರೆ ಅವತ್ತಿನ ನೀರು ಹೋದಂತೆಯೇ. ಇವರು ರಿಪೇರಿಗೆಂದು ಬಾವಿಗೆ ಇಳಿದಾಗ 'ಹಾಕಬೇಡ' ಎಂದು ಎಷ್ಟು ಅರಚಿದರೂ ನನಗೆ ಕೇಳಿಸುತ್ತಿರಲಿಲ್ಲ.

ಎಂಬತ್ತರ ದಶಕದ ಆರಂಭದಲ್ಲಿ ಮುಳಬಾಗಿಲಿನ ಗುಜರಿ ಅಂಗಡಿಯಲ್ಲಿ ಹಳೇ ಮಿಲಿಟರಿ ವಾಕಿಟಾಕಿ ಜೋಡಿಯೊಂದು ಇವರ ಕಣ್ಣಿಗೆ ಬಿತ್ತು. ಕಂಪನಿಯವರು ಮಾಡುವುದನ್ನೇ ನಿಲ್ಲಿಸಿದ್ದ ಮಾಲು. "ಇದೆಂಥಾ ಡಬ್ಬಿ ರೀ?" ಅಂದೆ. ಅಂಗಡಿಯ ಸಾಬರು ನಕ್ಕು, ಒಂದನ್ನು ಚಪ್ಪಡಿ ಕಲ್ಲಿನ ಮೇಲೆ ಧೊಪ್ಪೆಂದು ಹಾಕಿ, ಎತ್ತಿಕೊಂಡು, ಅದರಲ್ಲೇ ಮಾತಾಡಿದರು: "ಕೇಳ್ತಾ ಐತಾ ಅಮ್ಮಾ?" ನನ್ನ ಕೈಗೆ ಕೊಟ್ಟಿದ್ದ ಇನ್ನೊಂದು ಗಂಟೆಯ ಹಾಗೆ ನುಡಿಯಿತು. ಅದನ್ನು ಇಟ್ಟುಕೊಳ್ಳುವ ಲೈಸೆನ್ಸಿಗಾಗಿ ಇವರು ಚಪ್ಪಲಿ ಸವೆಸಿದರು. ನಾನಂತೂ ಆಗಲೇ ಮನಸೋತಿದ್ದೆ.

ತೊಂದರೆ ಇದ್ದದ್ದು ನನ್ನ ಬಾಯಲ್ಲಿ. ಯಾರೇ ಮಾತಾಡಲಿ, ನಡುನಡುವೆ "ಹ್ಞೂಂ, ಹ್ಞೂಂ" ಅನ್ನದಿದ್ದರೆ ಮರ್ಯಾದೆಯಲ್ಲ ಎಂದು ಬೆಳೆದವಳು ನಾನು. ಡಬ್ಬಿಯ ಗುಂಡಿ ಒತ್ತಿ ಹ್ಞೂಂ ಅನ್ನುವಷ್ಟು ಹೊತ್ತು ಅವರ ಮಾತು ನನಗೆ ಬರುತ್ತಿರಲಿಲ್ಲ. ಒಂದು ದಿನ ಬಾವಿಯಿಂದ ಹತ್ತಿ ಬಂದವರೇ ಹಾರಾಡಿದರು.

"ಲೇ, ಗುಂಡಿ ಬಿಟ್ಟು ಕೇಳೇ! ನಿನ್ ಹ್ಞೂಂ ಯಾರಿಗ್ ಬೇಕು?"

"ಆಯ್ತು, ಇನ್ಮೇಲೆ ಪಿಟಕ್ ಅನ್ನಲ್ಲ ಬಿಡಿ" ಅಂದೆ, ಮೈಯೆಲ್ಲ ಉರಿದು. ಆಮೇಲೆ ಅನ್ನಲೂ ಇಲ್ಲ.

ಹೀಗಿರುವಾಗ ಒಂದು ಬೆಳಿಗ್ಗೆ ಕರೆಂಟ್ ಇಲ್ಲದ್ದು ನೋಡಿ ಇವರು ಬಾವಿಗೆ ಇಳಿದರು. ನಾನು ಬಲ್ಬನ್ನೇ ನೋಡುತ್ತ ಸ್ಟಾರ್ಟರಿನ ಮುಂದೆ ಕೂತೆ; ಇವರು ಡಬ್ಬಿಯಲ್ಲಿ ಬೇಡ ಅನ್ನದಿದ್ದರೆ ಬಲ್ಬು ಹೊತ್ತಿದ ಕೂಡಲೇ ಹಾಕುವುದು ನಮ್ಮ ಕರಾರು. ಇದ್ದಕ್ಕಿದ್ದಂತೆ ಡಬ್ಬಿ ಕಿರುಚಿತು.

"ಲೇ, ಜಾರಿಬಿದ್ದೆ ಕಣೇ! ಡಬ್ಬೀನೂ ಬಂಡೆಗೆ ಬಡೀತು. ಕಾಲು ಮೋಟ್ರು ಬೆಲ್ಟಲ್ಲಿ ಸಿಕ್ಕೊಂಡೈತೆ. ಕರೆಂಟ್ ಬಂದ್ರೆ ಹಾಕ್ಬೇಡ!"

ಫ್ಯೂಸ್ ಕಿತ್ತು ಬಿಸಾಡಿ, ಪಕ್ಕದ ತೋಟದವರನ್ನು ಕೂಗುತ್ತ, ಡಬ್ಬಿ ಹಿಡಿದು ಓಡಿದೆ. ಬಂಡೆಗೆ ಬಡಿದಿದ್ದ ಜೋಡಿ ಡಬ್ಬಿಯ ಮಾತನ್ನು ನನ್ನ ಕೈಯಲ್ಲಿದ್ದದ್ದು ಒಂದಕ್ಷರ ಬಿಡದೆ ಹೇಳುತ್ತಲೇ ಇತ್ತು.

"ಕೇಳ್ತಾ ಇದ್ಯಾ? ಡಬ್ಬಿ ಕೆಟ್ಟೋಯ್ತೇನೋ... ಬಲ್ಬು ಹತ್ತಿದ್ರೆ ಹಾಕ್ಬಿಡ್ತೀಯ ಕಣೇ... ಒಂದ್ಸಲ ಹ್ಞೂಂ ಅನ್ನೇ, ನನ್ ತಾಯಿ!"

ಅಷ್ಟು ಜೋರಿನ ಗಂಡಸಿನ ದನಿ ನಡುಗುತ್ತಿತ್ತು. ಗುಂಡಿ ಒತ್ತಿ "ಹ್ಞೂಂ" ಅಂದೆ. ಬಿಟ್ಟೆ.

ಅವರು ಗೊಳೋ ಎಂದು ಅತ್ತದ್ದು ಸ್ಪಷ್ಟವಾಗಿ ಕೇಳಿಸಿತು. ಬಾವಿಯ ಕಟ್ಟೆ ಮುಟ್ಟುವವರೆಗೂ ಹ್ಞೂಂ, ಹ್ಞೂಂ ಅನ್ನುತ್ತಲೇ ಓಡಿದೆ.