ಚಂದ್ರಿಕೆಗೆ ಬಿದ್ದ ಮಧ್ಯಾಹ್ನದ ಬಿಸಿಲು

ಸಿನಿಮಾದಲ್ಲಿ ನಟರ ಹಿಂದೆ ಕಾಣುವ ಊರು, ಬೆಟ್ಟ, ಆಕಾಶಗಳನ್ನು ಕಂಪ್ಯೂಟರಿನಲ್ಲಿ ಕಟ್ಟುವುದು ನನ್ನ ಕೆಲಸ. ರಾಮನಗರದಿಂದ ಬೆಳಗಿನ ರೈಲಿಗೆ ಬೆಂಗಳೂರಿನ ಸ್ಟುಡಿಯೋಗೆ ಹೋಗಿ ಬರುತ್ತೇನೆ. ಪಕ್ಕದ ಕುರ್ಚಿಯವನು ಮಾಗಡಿಯಿಂದ ಬಸ್ಸಿನಲ್ಲಿ ಬರುತ್ತಾನೆ. ಇಬ್ಬರೂ ಒಂದೇ ವರ್ಷ ಸೇರಿದವರು. ಒಬ್ಬರ ಡಬ್ಬಿಗೆ ಇನ್ನೊಬ್ಬರು ಕೈ ಹಾಕಿಕೊಂಡೇ ಉಂಡವರು.

ಹೋದ ವರ್ಷ ಒಂದು ಚಿತ್ರದ ಮೊದಲ ದೃಶ್ಯ ನಮ್ಮಿಬ್ಬರ ಪಾಲಿಗೆ ಬಂತು. ರೇಷ್ಮೆ ಸಾಕುವ ಮನೆಯ ಅಂಗಳ, ಹಿಂದೆ ಬಂಡೆಬೆಟ್ಟ. ಅಂಗಳ ಅವನಿಗೆ, ಬೆಟ್ಟ ನನಗೆ. ಯಾರದು ಚೆನ್ನಾಗಿ ಬರುತ್ತದೋ ಇಡೀ ಚಿತ್ರದ ಮುಂದಾಳತ್ವ ಅವರಿಗೆ ಎಂದು ಸ್ಟುಡಿಯೋದವರು ಹೇಳಿದ್ದರು. ಅದು ನನಗೆ ಬೇಕಿತ್ತು. ಮೂರು ವಾರ ಬಂಡೆಗಳನ್ನು ತಿದ್ದಿದೆ: ಮಳೆನೀರು ಇಳಿದ ಕಪ್ಪು ಪಟ್ಟೆ, ಸಂದಿಯ ಒಣಹುಲ್ಲು, ಜೇನುಗೂಡು ಇದ್ದ ಕಲೆ.

ಮೊದಲ ಸಲ ತೋರಿಸಿದಾಗ ನಿರ್ದೇಶಕರು, "ಅಂಗಳ ನೋಡ್ರೀ, ಸಗಣಿ ಸಾರ್ಸಿರೋ ವಾಸನೆ ಬರ್ತಿದೆ!" ಎಂದರು. ಬೆಟ್ಟದ ಕಡೆ ಕಣ್ಣೇ ಹೋಗಲಿಲ್ಲ. ಅವತ್ತು ಅವನ ಡಬ್ಬಿಯ ಹುರುಳಿಕಾಳಿನ ಪಲ್ಯ ನನಗೆ ಸೇರಲಿಲ್ಲ.

ಮಾರನೆಯ ದಿನ ಅಕ್ಕಿಯಲ್ಲಿ ಕಲ್ಲು ಆರಿಸುವ ಹಾಗೆ ಅವನ ಅಂಗಳದಲ್ಲಿ ತಪ್ಪು ಹುಡುಕುತ್ತಾ ಕೂತೆ. ಸಿಕ್ಕಿತು. ಗೂಟಕ್ಕೆ ಒರಗಿಸಿದ ಚಂದ್ರಿಕೆಗಳು, ಅಂದರೆ ಗೂಡು ಕಟ್ಟಲು ಹಣ್ಣಾದ ಹುಳು ಬಿಡುವ ಬಿದಿರಿನ ತಟ್ಟೆಗಳು, ನೆತ್ತಿಯ ಮೇಲಿನ ಬಿಸಿಲಿನಲ್ಲಿದ್ದವು. ಅಕ್ಕೂರಿನ ನನ್ನ ಅಜ್ಜಿ ಅವನ್ನು ಎಳೆಬಿಸಿಲಿಗೆ, ಇಲ್ಲವೇ ಸಂಜೆಯ ಇಳಿಬಿಸಿಲಿಗೆ ಮಾತ್ರ ಹೊರಗಿಡುತ್ತಿದ್ದಳು. ಹೊತ್ತೇರಿದರೆ ನಮ್ಮನ್ನು ಕೂಗಿ ಒಳಗೆ ಹೊರಿಸುತ್ತಿದ್ದಳು. ಇವನ ಮನೆಯವರು ತೆಂಗಿನ ತೋಟದವರು, ಹುಳು ಸಾಕಿದವರಲ್ಲ.

ಕುರ್ಚಿ ಎಳೆದುಕೊಂಡು ಅವನ ಕಿವಿಯಲ್ಲಿ ಹೇಳಬಹುದಿತ್ತು. ಹೇಳಲಿಲ್ಲ. ಎರಡು ದಿನ ಬಾಯಲ್ಲೇ ಇಟ್ಟುಕೊಂಡು, ನಿರ್ದೇಶಕರ ಜೊತೆ ಎಲ್ಲರೂ ಕೂತಿದ್ದಾಗ ಹೇಳಿದೆ: "ಸಾರ್, ಈ ಬಿಸ್ಲಿಗೆ ಹುಳ ಎಲ್ಲ ಬೆಂದೋಯ್ತವೆ. ರೇಷ್ಮೆ ಸಾಕೋರು ನೋಡುದ್ರೆ ನಗ್ತಾರೆ."

ಅವನ ಕಿವಿ ಕೆಂಪಗಾಯಿತು. ಅದನ್ನು ನೋಡಿ ನನಗೆ ಹಿತವಾಯಿತು.

ನಿರ್ದೇಶಕರು ಗಡ್ಡ ಕೆರೆದುಕೊಂಡು, "ಹಂಗಾದ್ರೆ ಸಂಜೆ ಮಾಡ್ರೀ. ಸೂರ್ಯ ಬೆಟ್ಟದ ತಲೆ ಮೇಲೆ ಕೂರ್ಲಿ" ಎಂದರು.

ಅವನು ಅಲ್ಲೇ ಸೂರ್ಯನನ್ನು ಇಳಿಸಿದ. ಹಿಂದಿನಿಂದ ಬೆಳಕು ತೂರಿ ಚಂದ್ರಿಕೆಯ ಹಳದಿ ಗೂಡುಗಳು ಒಂದೊಂದೂ ದೀಪದಂತೆ ಹೊತ್ತಿಕೊಂಡವು. ಬೆಳಕಿಗೆ ಬೆನ್ನು ಮಾಡಿದ ನನ್ನ ಬೆಟ್ಟ ಬರೀ ಕಪ್ಪಾಯಿತು. ಪಟ್ಟೆಯಿಲ್ಲ, ಹುಲ್ಲಿಲ್ಲ, ಕಲೆಯಿಲ್ಲ. ಮುಂದಾಳತ್ವ ಅವನಿಗೇ ಹೋಯಿತು.

ಊಟಕ್ಕೆ ಕೂತಾಗ ಅವನು ಡಬ್ಬಿಯನ್ನು ನನ್ನ ಕಡೆ ತಳ್ಳಿದ. "ಲೇ, ನೀನು ಬಾಯಿ ಬುಡ್ದಿದ್ರೆ ನನ್ ಮರ್ಯಾದೆ ಹೋಯ್ತಿತ್ತು ಕಣ್ಲಾ. ಒಸಿ ಮೊದ್ಲೇ ಯೋಳ್ಬಾರ್ದಾ?"

"ನಂಗೂ ಆ ಗಳ್ಗೇಲೇ ಕಂಡಿದ್ದು ಕಣ್ಲಾ," ಎಂದೆ.

"ನಿನ್ ಬೆಟ್ಟ ಕತ್ಲಾಗೋಯ್ತಲ್ಲೋ. ಆ ಜೇನಿನ ಕಲೆ ಎಷ್ಟ್ ಚೆನ್ನಾಗಿತ್ತು!"

ನನ್ನ ಬೆಟ್ಟವನ್ನು ನೋಡಿದವನು ಅವನೊಬ್ಬನೇ. ಅಷ್ಟು ಸಲೀಸಾಗಿ ಇನ್ನೊಬ್ಬರಿಗಾಗಿ ಬೇಜಾರು ಮಾಡಿಕೊಳ್ಳಬಲ್ಲ ಅವನ ಮನಸ್ಸಿನ ಮೇಲೂ ನನಗೆ ಹೊಟ್ಟೆಕಿಚ್ಚಾಯಿತು. ತಲೆ ತಗ್ಗಿಸಿ ಅವನ ಡಬ್ಬಿಯ ಪಲ್ಯವನ್ನೆಲ್ಲ ನಾನೇ ಖಾಲಿ ಮಾಡಿದೆ.