ಮಯೋನೀಸ್ ಇಲ್ಲದ ಬಟಾಟೆ, ನನ್ನದಲ್ಲದ ದನಿ

ತಪ್ಪು ನನ್ನದೇ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಕೊನೆಯವರೆಗೆ ಓದಿ ಆಮೇಲೆ ನನ್ನನ್ನು ಬೈಯುವ ಶ್ರಮ ನಿಮಗೆ ತಪ್ಪುತ್ತದೆ. ಒಂದು ಗುರುವಾರ ಸಂಜೆ ದಹಿಸರ್ ಸ್ಟೇಷನ್ನಿನ ಹೊರಗೆ ಸ್ಯಾಂಡ್‌ವಿಚ್ ಗಾಡಿಯ ಮುಂದೆ ನಿಂತು, ಗೆಳೆಯನ ಫೋನಿನಿಂದ ನನ್ನ ಹೆತ್ತ ಅವ್ವನಿಗೇ ಫೋನ್ ಮಾಡಿದೆ. ಮಾತಾಡಿದ್ದು ಮಾತ್ರ ನನ್ನ ದನಿಯಲ್ಲಲ್ಲ. ಮಾಟುಂಗದಲ್ಲಿರುವ ನಮ್ಮ ಕನ್ನಡ ಸಂಘದ ಕಾರ್ಯದರ್ಶಿ ಆಂಟಿಯ ದನಿಯಲ್ಲಿ.

ಬೇರೆಯವರ ದನಿ ತೆಗೆಯುವುದು ನನಗೆ ಚಿಕ್ಕಂದಿನಿಂದ ಅಂಟಿದ ಚಟ. ಲೋಕಲ್ ಟ್ರೇನಿನ ಅನೌನ್ಸ್‌ಮೆಂಟ್ ಹೆಂಗಸಿನಿಂದ ಹಿಡಿದು ನಮ್ಮ ಬಿಲ್ಡಿಂಗಿನ ವಾಚ್‌ಮನ್ ಕೆಮ್ಮುವ ತನಕ ಎಲ್ಲ ಬರುತ್ತದೆ. ಬಾರದಿರುವುದು ನನ್ನದೇ ದನಿ ಒಂದೇ. ಕೆಲಸದ ಇಂಟರ್‌ವ್ಯೂ ಒಂದರಲ್ಲಿ ಹೆದರಿ, ಎದುರಿಗೆ ಕೂತ ಸಾಹೇಬರ ದನಿಯಲ್ಲೇ ಅವರಿಗೆ ಉತ್ತರ ಕೊಟ್ಟು ಬಂದವನು ನಾನು. ಕೆಲಸ ಸಿಗಲಿಲ್ಲ ಎಂದು ಬೇರೆ ಹೇಳಬೇಕಿಲ್ಲ.

ಆ ಸಂಜೆ ಗೆಳೆಯ, "ನಿಮ್ಮ ಸಂಘದ ಆಂಟಿದು ಮಾಡಿ ತೋರಿಸು" ಅಂದ. ಬರೀ ಅವನಿಗೆ ತೋರಿಸಿದ್ದರೆ ಮುಗಿಯುತ್ತಿತ್ತು. ನನಗೆ ಮೈಮೇಲೆ ಬಂದಿತ್ತು. ಕರಾವಳಿಯ ಆಂಟಿಯ ಮೂಗಿನ ರಾಗ ಹಿಡಿದು, "ನಮಸ್ಕಾರ ಮಾರಾಯ್ರೆ, ಬರುವ ಆದಿತ್ಯವಾರ ಸಂಘದ ಊಟ ಉಂಟಲ್ಲ, ಈ ಸಲ ನೀವೊಂದು ಐಟಂ ಮಾಡಿಕೊಂಡು ಬರಬೇಕು" ಎಂದೆ. ಯಾವ ಐಟಂ ಎಂದು ಯೋಚಿಸಿರಲೇ ಇಲ್ಲ. ಎದುರಿಗೆ ಗಾಡಿಯವನು ಬಟಾಟೆ ಬಿಲ್ಲೆಗಳ ಮೇಲೆ ಬಾಟಲಿ ಹಿಂಡಿ ಬಿಳಿ ಮಯೋನೀಸ್ ಸುರಿಯುತ್ತಿದ್ದ. ಬಾಯಿಗೆ ಅದೇ ಬಂತು: "ಬಟಾಟೆ ಸಲಾಡ್. ಆದರೆ ಮಯೋನೀಸ್ ಹಾಕಬೇಡಿ ಮಾರಾಯ್ರೆ, ನಮ್ಮಲ್ಲಿ ಎಲ್ಲರಿಗೂ ಕೊಲೆಸ್ಟ್ರಾಲ್ ಉಂಟು. ಹಗುರ ಇರಬೇಕು."

ಅವ್ವ ಬೈಯುತ್ತಾಳೆ, ಇಲ್ಲವೇ "ಯಾರೋ ಮಂಗ್ಯಾ ನೀನು" ಎಂದು ಗುರುತು ಹಿಡಿಯುತ್ತಾಳೆ ಎಂದುಕೊಂಡಿದ್ದೆ.  ಆದರೆ ನಾನು ಎಂದೂ ಕೇಳಿರದ ಮೆತ್ತನೆಯ ದನಿಯಲ್ಲಿ, "ಆತ್ರೀ ಅಕ್ಕಾರ, ಮಾಡ್ತೀನ್ರಿ" ಎಂದಳು.

ಆ ಮೆತ್ತನೆಯ ದನಿಯ ಹಿಂದೆ ಆರು ವರ್ಷದ ಕಥೆಯಿದೆ. ನಾವು ಧಾರವಾಡದ ಕಡೆಯವರು. ಸಂಘದ ಊಟಕ್ಕೆ ಮನೆಗೊಂದು ಅಡುಗೆ ತರುವುದು ರೂಢಿ. ಮೊದಲ ವರ್ಷ ಅವ್ವ ಕೆಂಪು ಮೆಣಸಿನಕಾಯಿ ಅರೆದ ಚಟ್ನಿ, ರಂಜಕ, ಒಯ್ದಿದ್ದಳು. ಅದನ್ನು ಪಲ್ಯ ಎಂದು ತಿಳಿದು ಸಂಘದ ಖಜಾಂಚಿ ಸೌಟಿನಲ್ಲಿ ಬಡಿಸಿಕೊಂಡರು. ಅವರ ಬಿಕ್ಕಳಿಕೆ ವಂದನಾರ್ಪಣೆಯವರೆಗೂ ನಿಲ್ಲಲಿಲ್ಲ. ಮರುವರ್ಷದಿಂದ ಪಟ್ಟಿಯಲ್ಲಿ ಅವ್ವನ ಹೆಸರಿನ ಎದುರು ಒಂದೇ ಶಬ್ದ: ಮಜ್ಜಿಗೆ. ಉಳಿದವರು ಮುಚ್ಚಳ ತೆಗೆದು ಹೊಗಳಿಸಿಕೊಳ್ಳುವಾಗ ಅವ್ವ ಮೂಲೆಯಲ್ಲಿ ಕಾಗದದ ಕಪ್ಪು ಹಿಡಿದು ನಿಂತಿರುತ್ತಿದ್ದಳು.

ನಾನು ಮನೆ ತಲುಪುವಷ್ಟರಲ್ಲಿ ಸುದ್ದಿ ಬಿಲ್ಡಿಂಗಿನ ಮೂರು ಮಹಡಿ ಹತ್ತಿ ಇಳಿದಿತ್ತು.

"ಕೇಳೀಯೇನೋ? ಕಾರ್ಯದರ್ಶಿ ಬಾಯಾರು ಸ್ವತಃ ಫೋನ್ ಮಾಡಿದ್ರು. ನನಗ! ಅಡಿಗಿ ಮಾಡ್ಕೊಂಡು ಬರ್ರಿ ಅಂದ್ರು."

ಹೇಳಬೇಕಿದ್ದ ಹೊತ್ತು ಅದು. ಬಾಯಿ ತೆರೆದೆ. ಅವ್ವನ ಮುಖ ನೋಡಿದೆ. ಮುಚ್ಚಿದೆ.

"ಬಟಾಟಿ ಸಲಾಡ್ ಅಂತ, ಮಯೋನೀಸ್ ಹಾಕಬಾರದಂತ. ಮಯೋನೀಸ್ ಅಂದ್ರೇನೋ?" ಅವ್ವ ಕೇಳಿದಳು.

"ಅದು ಹಾಕಬಾರದಂತ ಅಂದ್ರಲ್ಲ, ತಗೊಂಡು ಏನ್ ಮಾಡ್ತಿ?"

"ಏನು ಇರಬಾರದು ಅನ್ನೂದು ಮೊದಲು ತಿಳೀಬೇಕಲ್ಲೋ. ಒಂದು ಬಾಟ್ಲಿ ತೊಗೊಂಬಾ."

ತಂದುಕೊಟ್ಟೆ. ಬೆರಳ ತುದಿಗೆ ಹಚ್ಚಿ ನೆಕ್ಕಿದಳು, ಹುಬ್ಬು ಗಂಟಿಕ್ಕಿದಳು. "ಎಣ್ಣಿ. ಎಣ್ಣಿಗೆ ಮೊಸರಿನ ವೇಷ ಹಾಕ್ಯಾರ." ಬಾಟಲಿಯನ್ನು ಅಪ್ಪನ ಕಡೆ ದೂಡಿದಳು. ವೈದ್ಯರು ಎಣ್ಣೆ ಬಿಡಿ ಎಂದು ಹೇಳಿದ ದಿನದಿಂದ ಮುಖ ಸಪ್ಪಗೆ ಮಾಡಿಕೊಂಡು ತಿರುಗುತ್ತಿದ್ದ ಅಪ್ಪ, "ಇದು ಬ್ಯಾರೆಯವರ ಊಟಕ್ಕ ನಿಷೇಧ, ನನಗಲ್ಲ" ಎಂದು ಬಾಟಲಿ ತಮ್ಮ ಕಪಾಟಿಗೆ ಸೇರಿಸಲು ನೋಡಿದರು. ಅವ್ವ ಕಸಿದುಕೊಂಡಳು.

ಶುಕ್ರವಾರ ಮೊದಲ ಪ್ರಯೋಗ. ಬಟಾಟೆಯನ್ನು ಕುಕ್ಕರಿಗೆ ಹಾಕಿ, ರೂಢಿಯಂತೆ ನಾಲ್ಕು ಸೀಟಿ ಹೊಡೆಸಿದಳು. ಮುಚ್ಚಳ ತೆಗೆದರೆ ಒಳಗೆ ಬಟಾಟೆ ಎನ್ನುವ ವಸ್ತುವೇ ಇಲ್ಲ, ಬರೀ ಮುದ್ದೆ. ಬಿಸಿ ಇರುವಾಗಲೇ ಮೊಸರು ಸುರಿದಳು. ಮೊಸರು ಒಡೆದು ನೀರು ಬಿಟ್ಟಿತು. ಅಪ್ಪ ಚಮಚೆಯಿಂದ ಎತ್ತಿ ನೋಡಿ, "ವಡಾಪಾವಿನ ಬಟಾಟಿ ನೆಗಡಿ ಆಗಿ ಮಲಗಿದಂಗ ಐತಿ" ಎಂದರು.

"ನೀವು ಹಂಗ ಅನ್ರಿ. ಆಕಿ ನನ್ನ ಹೆಸರು ಹೇಳಿ ಕರದಾಳ. ಈ ಸಲ ಮಜ್ಜಗಿ ಅನಿಸಿಕೊಂಡು ಬರೂದಿಲ್ಲ ನಾ" ಎಂದಳು ಅವ್ವ. ನಗುತ್ತ ಹೇಳಲಿಲ್ಲ. ಅಲ್ಲಿಗೆ ನನ್ನ ತಮಾಷೆಯ ಉಸಿರು ನಿಂತಿತು.

ಶನಿವಾರ ಬೆಳಿಗ್ಗೆ ಸೀದಾ ಮಾಟುಂಗಕ್ಕೆ ಹೋದೆ. ಸಂಘದ ಕೋಣೆಯಲ್ಲಿ ಆಂಟಿ ಮೂಗಿನ ತುದಿಗೆ ಕನ್ನಡಕ ಇಳಿಸಿ ಮರುದಿನದ ಪಟ್ಟಿ ನೋಡುತ್ತಿದ್ದರು. ದಾರಿಯುದ್ದಕ್ಕೂ ಅಭ್ಯಾಸ ಮಾಡಿದ ಕ್ಷಮಾಪಣೆ ಬಾಯಿಗೆ ಬಂತು, ಆದರೆ ಬಂದದ್ದು ಅವರದೇ ರಾಗದಲ್ಲಿ: "ಒಂದು ತಪ್ಪಾಯ್ತು ಮಾರಾಯ್ರೆ."

ಆಂಟಿ ಕನ್ನಡಕ ಮೇಲಕ್ಕೇರಿಸಿದರು. "ಎಂತ?"

ನನ್ನ ದನಿ ಹುಡುಕಿಕೊಂಡು, ತಡವರಿಸಿ, ಎಲ್ಲ ಹೇಳಿದೆ.

"ನನ್ನ ದನಿಯಲ್ಲಿ ಏನಂತ ಹೇಳಿದೆಯೋ, ಹಾಗೆಯೇ ಮಾಡು ನೋಡುವಾ."

ಮಾಡಿದೆ. ಅವರು ಕೊನೆಯ ತನಕ ಕೇಳಿದರು.

"ನಾನು ಅಷ್ಟು ಸಲ ಮಾರಾಯ್ರೆ ಹೇಳುವುದಿಲ್ಲ ಮಾರಾಯ" ಎಂದರು. ನಾನು ನಗಲಿಲ್ಲ. ನಗಬಾರದು ಎಂಬ ಬುದ್ಧಿ ಆ ವಾರದಲ್ಲಿ ನನಗೆ ಬಂದದ್ದು ಅದೊಂದೇ ಸಲ. ಆಂಟಿ ಪಟ್ಟಿಯ ಮೇಲೆ ಪೆನ್ನಿನ ತುದಿ ಕುಟ್ಟಿದರು. "ನಿನ್ನ ಅಮ್ಮನಿಗೆ ಖುಷಿ ಆಯಿತಾ?"

"ತುಂಬಾ, ಆಂಟಿ."

"ಹಾಗಾದ್ರೆ ತರಲಿ. ಆದರೆ ಪಟ್ಟಿಯಲ್ಲಿ ಮಜ್ಜಿಗೆ ಉಂಟಲ್ಲ, ಅದನ್ನು ಯಾರು ತರುವುದು? ನೀನು."

ಮನೆಗೆ ಬಂದಾಗ ಅವ್ವ ದಾರಿ ಕಂಡುಕೊಂಡಿದ್ದಳು. ಯುಗಾದಿಗೆ ಶ್ರೀಖಂಡ ಮಾಡುವಾಗಿನಂತೆ ಮೊಸರನ್ನು ಅಪ್ಪನ ಹಳೆಯ ಧೋತರದ ತುಂಡಿನಲ್ಲಿ ಕಟ್ಟಿ ಸಿಂಕಿನ ನಲ್ಲಿಗೆ ನೇತುಹಾಕಿದ್ದಳು. ಸಂಜೆವರೆಗೆ ಆ ನಲ್ಲಿ ಮುಟ್ಟುವಂತಿರಲಿಲ್ಲ. ಅಪ್ಪ ಸ್ನಾನದ ಮನೆಯಿಂದ ಚಹಾಕ್ಕೆ ನೀರು ತಂದರು. ನೀರೆಲ್ಲ ಬಸಿದು ಗಟ್ಟಿ ಚಕ್ಕಾ ಉಳಿಯಿತು. ಬಟಾಟೆಯನ್ನು ಈ ಸಲ ಸಿಪ್ಪೆ ಸಮೇತ ಉಪ್ಪು ನೀರಿನಲ್ಲಿ, ಮುಚ್ಚಳವಿಲ್ಲದೆ, ಚಾಕು ಸಲೀಸಾಗಿ ಇಳಿಯುವಷ್ಟೇ ಬೇಯಿಸಿದಳು. ಪೂರಾ ಆರಲು ಬಿಟ್ಟಳು. ನಾನು ಅರ್ಧ ಬಿಸಿ ಇರುವಾಗಲೇ ಹೆಚ್ಚಲು ಹೋಗಿ ಕೈಗೆ ಏಟು ತಿಂದೆ. ಚಕ್ಕಾಕ್ಕೆ ಸ್ವಲ್ಪ ಹಾಲು ಬೆರೆಸಿ ಕಡೆದು, ಹಸಿ ಸಾಸಿವೆ ಹಸಿಮೆಣಸು ತರಿಯಾಗಿ ಅರೆದು ಹಾಕಿ, ನಿಂಬೆ ಹಿಂಡಿದಳು. ಮೇಲೆ ಹೆಚ್ಚಿದ ಸೌತೆಕಾಯಿ, ಈರುಳ್ಳಿ ಸೊಪ್ಪು, ಮುಷ್ಟಿಯಷ್ಟು ಹುರಿದ ಶೇಂಗಾದ ಪುಡಿ.

"ಶೇಂಗಾ ಯಾಕ ಬೇ? ಸಲಾಡಿಗೆ ಯಾರೂ ಹಾಕೂದಿಲ್ಲ."

"ಧಾರವಾಡದಾಕಿ ಮಾಡ್ಯಾಳ ಅನ್ನೂದು ಗೊತ್ತಾಗಬ್ಯಾಡೇನು?"

ರುಚಿ ನೋಡಿದೆ. ತಣ್ಣಗೆ, ಹುಳಿಹುಳಿ, ಸಾಸಿವೆ ಮೂಗಿಗೆ ಒಂದೇ ಒಂದು ಚಿಟಿಕೆ ಹೊಡೆದು ಹೋಗುತ್ತದೆ. ಅಪ್ಪ ಎರಡನೆಯ ಸಲ ಬಟ್ಟಲು ಒಡ್ಡಿದರು. ನಮ್ಮ ಮನೆಯಲ್ಲಿ ಅದೇ ದೊಡ್ಡ ಪ್ರಶಸ್ತಿ.

ಭಾನುವಾರ ಹಳಿ ರಿಪೇರಿಗೆಂದು ರೈಲ್ವೆಯವರ ಬ್ಲಾಕ್. ತಡವಾಗಿ ಬಂದ ಸ್ಲೋ ಲೋಕಲ್ಲಿನಲ್ಲಿ ಇಡೀ ದಹಿಸರ್ ಹತ್ತಿಕೊಂಡಿತು. ಅವ್ವ ಸಲಾಡಿನ ಸ್ಟೀಲ್ ಡಬ್ಬಿ ಮಡಿಲಲ್ಲಿಟ್ಟುಕೊಂಡು ಮಹಾರಾಣಿಯಂತೆ ಕೂತಳು. ನಾನು ಎಂಬತ್ತು ಜನರ ಮಜ್ಜಿಗೆಯ ಕ್ಯಾನು ಅಪ್ಪಿಕೊಂಡು ಬಾಗಿಲಲ್ಲಿ ನಿಂತೆ. ಪ್ರತಿ ಸ್ಟೇಷನ್ನಿಗೆ ಬ್ರೇಕು ಬಿದ್ದಾಗಲೂ ಒಂದು ಗುಟುಕು ನನ್ನ ಅಂಗಿಯ ಮೇಲೆ. ಮಾಟುಂಗ ರೋಡ್ ಬರುವಷ್ಟರಲ್ಲಿ ನಾನೇ ಒಂದು ಒಗ್ಗರಣೆ ಬಿದ್ದ ಐಟಂ ಆಗಿದ್ದೆ. ಎದೆಯ ಮೇಲೆ ಕರಿಬೇವು.

ಊಟದ ಸಾಲಿನಲ್ಲಿ ಅವ್ವ ಮುಚ್ಚಳ ತೆಗೆದಳು. ಮೊದಲು ಬಂದವರು ಆ ಖಜಾಂಚಿ. ಡಬ್ಬಿ ನೋಡಿದರು, ಅವ್ವನನ್ನು ನೋಡಿದರು, ಚಮಚೆ ಹಿಡಿದು ಅನುಮಾನಿಸಿದರು. "ಇದು ಖಾರವಾ?" ಎಂದು ಕೇಳಿದರು. ಅವ್ವನ ಕೈ ಡಬ್ಬಿಯ ಅಂಚನ್ನು ಬಿಗಿಯಾಗಿ ಹಿಡಿದದ್ದು ನನಗೆ ಕಂಡಿತು. ಆಗ ಆಂಟಿ ಹಿಂದಿನಿಂದ ಬಂದು ತಮ್ಮ ತಟ್ಟೆ ಮುಂದೆ ಮಾಡಿ, ಇಡೀ ಸಭೆಗೆ ಕೇಳುವಂತೆ, "ನಾನೇ ಫೋನ್ ಮಾಡಿ ಹೇಳಿದ್ದು, ಮಯೋನೀಸ್ ಇಲ್ಲದ್ದು ಮಾಡಿ ಅಂತ. ಬಡಿಸಿ ಮಾರಾಯ್ರೆ" ಎಂದರು. ಖಜಾಂಚಿ ಒಂದು ಬಟಾಟೆ ಬಾಯಿಗಿಟ್ಟುಕೊಂಡರು. ಸೇರಿದವರೆಲ್ಲ ಅವರ ಬಾಯಿಯನ್ನೇ ನೋಡಿದರು. ಬಿಕ್ಕಳಿಕೆ ಬರಲಿಲ್ಲ. ಅವರು ಮತ್ತೆ ಸಾಲಿಗೆ ಸೇರಿಕೊಂಡರು. ಅರ್ಧ ಗಂಟೆಯಲ್ಲಿ ಡಬ್ಬಿಯ ತಳ ಕಂಡಿತು. ಮಜ್ಜಿಗೆ ಕೇಳಿದವರು ಕಡಿಮೆ. ಮೂಲೆಯಲ್ಲಿ ಕಾಗದದ ಕಪ್ಪು ಹಿಡಿದು ನಾನು ನಿಂತಿದ್ದೆ.

ವಾಪಸು ಬರುವಾಗ ಅವ್ವ ಆಂಟಿಯನ್ನು ಹೊಗಳಿದ್ದೇ ಹೊಗಳಿದ್ದು. "ಎಷ್ಟು ದೊಡ್ಡ ಮನಸ್ಸೋ ಆಕೀದು. ನೆನಪಿಟ್ಟು ಫೋನ್ ಮಾಡ್ಯಾಳ ನೋಡು." ಒಂದು ಸ್ಟೇಷನ್ ದಾಟುವವರೆಗೆ ತಡೆದುಕೊಂಡೆ. ಬಾಂದ್ರಾದಲ್ಲಿ ಬಾಯಿಬಿಟ್ಟೆ. ನನ್ನದೇ ದನಿಯಲ್ಲಿ, ಎಲ್ಲವನ್ನೂ.

ಅವ್ವ ಅಂಧೇರಿಯಲ್ಲಿ ಮಡಿಲಿನ ಡಬ್ಬಿ ಎತ್ತಿಕೊಂಡಳು. ಮುಚ್ಚಳ ತೆಗೆದು ಅದನ್ನು ನನ್ನ ಮುಖಕ್ಕೆ ಹಿಡಿದಳು.

"ಡಬ್ಬಿ ಖಾಲಿ ಆಗಿದ್ದಾದ್ರೂ ಖರೇನೋ, ಅದೂ ನೀನ ಮಾಡೀಯೋ?"

"ಖರೇ ಬೇ."

"ಹಂಗಾರ ಬಾಯಿ ಮುಚ್ಚು." ಮುಚ್ಚಳ ಮುಚ್ಚಿದಳು. ಬೊರಿವಲಿಯಲ್ಲಿ ಒಬ್ಬಳೇ ನಕ್ಕಳು, ನನಗೆ ತೋರಿಸಲಿಲ್ಲ.

ಇಲ್ಲಿಗೆ ಮುಗಿಯಿತು ಎಂದುಕೊಂಡಿದ್ದೆ. ತಿಂಗಳ ಮೇಲೆ ಒಂದು ಬೆಳಿಗ್ಗೆ ನಾನು ಸ್ನಾನ ಮಾಡುತ್ತಿದ್ದೆ. ಹೊರಗೆ ಅವ್ವನ ಫೋನು ರಿಂಗಾಯಿತು. ಕೈಗೆ ಹಿಟ್ಟು ಹತ್ತಿದ್ದರಿಂದ ಮೊಣಕೈಯಿಂದ ಒತ್ತಿ ಸ್ಪೀಕರಿಗೆ ಹಾಕಿದಳು. "ನಮಸ್ಕಾರ ಮಾರಾಯ್ರೆ. ಈ ಆದಿತ್ಯವಾರ ಮತ್ತೆ ಊಟ ಉಂಟು. ಎಲ್ಲರೂ ನಿಮ್ಮ ಬಟಾಟೆ ಸಲಾಡ್ ಕೇಳ್ತಾ ಇದ್ದಾರೆ."

"ಏ ಮಂಗ್ಯಾ!" ಅವ್ವ ಗುಡುಗಿದಳು. "ಮತ್ತ ಸುರು ಮಾಡಿದೇನು? ನಾಚಿಕಿ ಬರೂದಿಲ್ಲ? ಅದೂ ಸರಿಯಾಗಿ ಬಂದಿಲ್ಲ, ಆಕಿ ಇನ್ನಷ್ಟು ಮೂಗಿನಾಗ ಮಾತಾಡ್ತಾಳ!"

ನಾನು ಟವೆಲ್ ಸುತ್ತಿಕೊಂಡು, ಕಿವಿಯಲ್ಲಿ ಸೋಪಿನ ನೊರೆಯೊಂದಿಗೆ ಬಾಗಿಲಿಗೆ ಬಂದು ನಿಂತೆ. ಅವ್ವ ನನ್ನನ್ನು ನೋಡಿದಳು. ಫೋನನ್ನು ನೋಡಿದಳು. ಮತ್ತೆ ನನ್ನನ್ನು ನೋಡಿದಳು. ಆಕೆಯ ಮುಖ ಕಲಸುತ್ತಿದ್ದ ಹಿಟ್ಟಿನ ಬಣ್ಣಕ್ಕೆ ತಿರುಗಿತು. ಅಪ್ಪ ಪೇಪರಿನ ಹಿಂದೆ ಅಡಗಿಕೊಂಡರು, ಪೇಪರು ನಡುಗುತ್ತಿತ್ತು.

"ಅಕ್ಕಾರ," ಅವ್ವ ಮೆಲ್ಲಗೆ ಅಂದಳು, "ನೀವ ಏನ್ರಿ?"

ಆಂಟಿ ಒಂದು ಕ್ಷಣವೂ ತಡಮಾಡಲಿಲ್ಲ.

"ನಾನೇ. ನಿಮ್ಮ ಮಗನಿಗೆ ಹೇಳಿ ಮಾರಾಯ್ರೆ, ದನಿ ನನ್ನದು ತೆಗೆದುಕೊಂಡ ಮೇಲೆ ಕೆಲಸವೂ ನನ್ನದೇ ಮಾಡಬೇಕು. ಆದಿತ್ಯವಾರ ಬೆಳಿಗ್ಗೆ ಏಳು ಗಂಟೆಗೆ ಮಾಟುಂಗಕ್ಕೆ ಬಂದು ಎಂಬತ್ತು ಜನರ ಬಟಾಟೆ ಸುಲಿಯಲಿ. ಯಾರ ದನಿಯಲ್ಲಿ ಬೇಕಾದರೂ ಸುಲಿಯಲಿ."