ಹರಿಯುತ್ತಿದ್ದ ಒಂದೇ ಕಾಲುವೆ

ನಮ್ಮ ಯಜಮಾನರಿಗೆ ಕಲ್ಲೆಂದರೆ ಪ್ರಾಣ. ಮದುವೆಯಾದ ಹೊಸತರಲ್ಲಿ ಬೀರು ತೆಗೆದರೆ ಬಟ್ಟೆಗಿಂತ ಕಲ್ಲೇ ಹೆಚ್ಚಿತ್ತು. "ಇದ್ರ ಮೇಲಿರೋ ಪ್ರೀತಿ ನನ್ನ ಮೇಲಿಲ್ಲ" ಎಂದರೆ, "ಅದು ಎದುರು ಮಾತಾಡಲ್ಲ ನೋಡು" ಎಂದು ನಗುತ್ತಿದ್ದರು. ಓದಿದ್ದು ಭೂವಿಜ್ಞಾನ. ಆಮೇಲೆ ಅದೇನು ಹುಚ್ಚು ಹತ್ತಿತೋ, ಕ್ಯಾಮೆರಾ ಹೊತ್ತು ಮರಳುಗಾಡು ಸುತ್ತಿ, ಹಿಂದಿನವರು ನೀರು ತಂದ ಬಗೆಯನ್ನು ಸಾಕ್ಷ್ಯಚಿತ್ರ ಮಾಡತೊಡಗಿದರು. ಬೆಟ್ಟದ ಬುಡದಲ್ಲೊಂದು ತಾಯಿಬಾವಿ, ಅಲ್ಲಿಂದ ನೆಲದೊಳಗೇ ಕೊರೆದ ಸುರಂಗ, ಅದರ ಇಳಿಜಾರಿನಲ್ಲಿ ತಾನಾಗಿ ಊರಿಗೆ ಇಳಿದು ಬರುವ ನೀರು. ಅವರು ಚಿತ್ರ ತೆಗೆದವೆಲ್ಲ ಎಂದೋ ಬತ್ತಿಹೋದ ಕಾಲುವೆಗಳು.

ಹರಿಯುತ್ತಿದ್ದದ್ದು ಒಂದೇ, ಅವರ ಅಕ್ಕನನ್ನು ಕೊಟ್ಟ ಊರಿನದು. ಅಲ್ಲಿ ಮನೆಮನೆಗೂ ನೀರಿನ ಸರದಿ. ಸರದಿ ಬಂದವರು ಕಾಲುವೆಗೆ ಅಡ್ಡ ಇಟ್ಟ ಹಲಗೆ ಎತ್ತಿ ತೋಟಕ್ಕೆ ನೀರು ಬಿಟ್ಟುಕೊಂಡು, ಮುಗಿದ ಮೇಲೆ ಹಲಗೆ ಇಳಿಸಿ ಮುಂದಿನ ಮನೆಯವರನ್ನು ಕೂಗಬೇಕು. ಅಕ್ಕನ ದಾಳಿಂಬೆ ತೋಟ, ಸಂಸಾರ, ಎಲ್ಲ ಆ ಹಲಗೆಯ ಮೇಲೇ ನಿಂತಿತ್ತು.

ಕೊನೆಗೆ ಆ ಕಾಲುವೆಯನ್ನೂ ಚಿತ್ರ ಮಾಡಿದರು. ಎಡಿಟಿಂಗ್ ಕೋಣೆಯಲ್ಲಿ ಅದನ್ನು ನೋಡಿ ನನಗೆ ಕಸಿವಿಸಿಯಾಯಿತು. ಬೆಟ್ಟವನ್ನು ಹಣ್ಣಿನ ಹಾಗೆ ಹೆಚ್ಚಿ, ಯಾವ ಕಲ್ಲಿನ ಕೆಳಗೆ ಎಷ್ಟು ಆಳದಲ್ಲಿ ನೀರು ನಿಂತಿದೆ ಎಂದು ಬಣ್ಣ ಹಚ್ಚಿ ತೋರಿಸಿದ್ದರು.

"ಅಷ್ಟೆಲ್ಲ ಯಾಕ್ರೀ?"

"ಅರ್ಧಂಬರ್ಧ ಹೇಳಿದ್ರೆ ಅದು ವಿಜ್ಞಾನ ಅಲ್ಲ ಕಣೇ."

ಸತ್ತ ಕಾಲುವೆಗಳನ್ನು ಕುಯ್ದು ತೋರಿಸಿ ರೂಢಿಯಾಗಿದ್ದ ಮನುಷ್ಯ, ಬದುಕಿದ್ದದ್ದನ್ನೂ ಹಾಗೇ ಕುಯ್ದರು. ಚಿತ್ರ ತೋರಿಸಿದ ಕಡೆಯೆಲ್ಲ ಜನ ಚಪ್ಪಾಳೆ ತಟ್ಟಿದರು.

ಒಂದು ದಿನ ಊಟಕ್ಕೆ ಕೂತಿದ್ದಾಗ ಫೋನ್ ಬಂತು. ಬೆಟ್ಟದ ಆಚೆ ಭಾರಿ ತೋಟ ಮಾಡುತ್ತಿದ್ದ ಕಂಪನಿಯ ಎಂಜಿನಿಯರು. "ಸರ್, ನಿಮ್ಮ ಚಿತ್ರ ನೋಡೇ ಬೋರ್‌ವೆಲ್‌ಗೆ ಪಾಯಿಂಟ್ ಹಾಕಿದ್ವಿ. ಮೊದಲನೇದ್ರಲ್ಲೇ ನೀರು! ತುಂಬಾ ಥ್ಯಾಂಕ್ಸ್ ಸರ್." ಅಯ್ಯೋ, ಆ ಪುಣ್ಯಾತ್ಮನ ದನಿಯಲ್ಲಿ ಎಳ್ಳಷ್ಟೂ ಕಪಟವಿರಲಿಲ್ಲ. ನಮ್ಮವರು ತಟ್ಟೆಯಲ್ಲೇ ಕೈ ತೊಳೆದುಬಿಟ್ಟರು.

ಆಮೇಲೆ ಕಚೇರಿಯಿಂದ ಕಚೇರಿಗೆ ಅಲೆದರು. ಅವರ ಜಾಗ, ಅವರ ಬೋರ್‌ವೆಲ್, ನಿಮಗೇನು ಎಂದರು ಅಧಿಕಾರಿಗಳು. ಪಂಪು ಹಗಲೂ ಇರುಳೂ ಎಳೆಯಿತು. ಅಕ್ಕನ ಊರಿನ ಕಾಲುವೆ ಮೊದಲು ಸಣ್ಣಗಾಯಿತು, ಆಮೇಲೆ ನಿಂತೇಹೋಯಿತು. ಮಿಂಚಿದ ಕಾರ್ಯಕ್ಕೆ ಚಿಂತಿಸಿ ಫಲವಿಲ್ಲವಂತೆ. ಚಿಂತಿಸದೆ ಇನ್ನೇನು ಮಾಡುವುದು, ಮಣ್ಣು? ಅವರ ಮೇಲೆ ನನಗೆ ಕೆಂಡದಂಥ ಕೋಪ, ಮುಖ ನೋಡಿದರೆ ಕರುಳು ಚುರುಕ್.

ಕೊನೆಗೆ ಇಬ್ಬರೂ ಆ ಊರಿಗೆ ಹೋದೆವು. ಮನೆಗೆ ಬೀಗ. ತೋಟದ ಅಂಚಿನಲ್ಲಿ ಅಕ್ಕ ಸಿಕ್ಕಳು. ಅವತ್ತು ಅವಳ ಸರದಿ. ಒಣಗಿ ಬಿರುಕುಬಿಟ್ಟ ಕಾಲುವೆಯಲ್ಲಿ ಹಲಗೆ ಎತ್ತಿ, ಗುದ್ದಲಿ ಹಿಡಿದು ನಿಂತಿದ್ದಳು. ಸುತ್ತ ದಾಳಿಂಬೆ ಗಿಡಗಳು ಕಡ್ಡಿಗಳಾಗಿದ್ದವು.

"ಅಕ್ಕಾ, ಇನ್ನು ಬರಲ್ಲ," ಎಂದರು ನಮ್ಮವರು. "ಆ ಕಲ್ಲಿನ ಪದರ ಮತ್ತೆ ತುಂಬೋಕೆ ನಮ್ಮ ಆಯಸ್ಸು..."

ಅಕ್ಕ ತಿರುಗಿ ನೋಡಲಿಲ್ಲ. "ನೀನು ಹೇಳಿದ್ದಕ್ಕೇ ಹೋಯ್ತಲ್ಲಪ್ಪಾ. ಈಗ್ಲಾದ್ರೂ ಸುಮ್ನಿರು."

ಸರದಿ ಮುಗಿಯುವ ತನಕ ನಾವೂ ಬಿಸಿಲಲ್ಲೇ ನಿಂತೆವು. ಹೊತ್ತಾದ ಮೇಲೆ ಅವಳು ಹಲಗೆ ಇಳಿಸಿ, ಸಂದಿಗೆ ಹಿಡಿಮಣ್ಣು ಒತ್ತಿ, ಪಕ್ಕದ ತೋಟದ ಕಡೆ ಮುಖ ಮಾಡಿ ಕೂಗಿದಳು: "ನಮ್ದಾಯ್ತು! ನೀವು ಬಿಟ್ಕೊಳ್ಳಿ!"